ಹೊಲಿಯುವವಳ ಜೇಬು: ನಮ್ಮ ಪ್ರಣಾಳಿಕೆ

ಹೆಣ್ಣುಮಕ್ಕಳ ಬಟ್ಟೆಗೆ ಜೇಬು ಬೇಕು. ಇದು ನಮ್ಮ ಮೊದಲ ಬೇಡಿಕೆ. ನಗು ಬಂದರೆ ನಕ್ಕುಬಿಡಿ. ನಕ್ಕಾದ ಮೇಲೆ ನಿಮ್ಮ ಪ್ಯಾಂಟಿಗೆ ಎಷ್ಟು ಜೇಬು, ನಿಮ್ಮ ಅಕ್ಕನ ಚೂಡಿದಾರಕ್ಕೆ ಎಷ್ಟು ಎಂದು ಎಣಿಸಿ, ಆಮೇಲೆ ಮುಂದೆ ಓದಿ.

ಪೀಣ್ಯ, ಬೊಮ್ಮನಹಳ್ಳಿ, ಮೈಸೂರು ರಸ್ತೆ, ರಾಮನಗರ, ಮದ್ದೂರಿನ ಗಾರ್ಮೆಂಟ್ಸ್‌ಗಳಲ್ಲಿ ಲೈನಿನ ಮೇಲೆ ಕೂತ ಟೈಲರ್ ಇಡೀ ಅಂಗಿ ಹೊಲಿಯುವುದಿಲ್ಲ. ಒಬ್ಬಳದು ಕಾಲರ್, ಮತ್ತೊಬ್ಬಳದು ಕಫ್, ಇನ್ನೊಬ್ಬಳದು ಜೇಬು. ಬೆಳಗಿನಿಂದ ಸಂಜೆಯವರೆಗೆ ಬರೀ ಜೇಬು. ಗಂಟೆಗೆ ಇಷ್ಟು ಪೀಸ್ ಎಂಬ ಟಾರ್ಗೆಟ್ ತಲೆಯ ಮೇಲೆ, ಸೂಪರ್‌ವೈಸರ್ ಬೆನ್ನ ಹಿಂದೆ. ಅಷ್ಟು ಜೇಬು ಹೊಲಿದವಳು ಗೇಟು ದಾಟಿ ಬರುವಾಗ ಅವಳ ಟಾಪಿಗೆ ಒಂದು ಜೇಬಿಲ್ಲ. ಮೊಬೈಲು ಕೈಯಲ್ಲಿ, ಫ್ರೀ ಬಸ್ಸಿಗೆ ತೋರಿಸುವ ಆಧಾರ್ ಕಾರ್ಡು ಮೊಬೈಲ್ ಕವರಿನ ಬೆನ್ನಿಗೆ, ಐವತ್ತರ ನೋಟು ಎದೆಯ ಹತ್ತಿರ, ಮನೆಯ ಬೀಗದ ಕೈ ವೇಲಿನ ತುದಿಯ ಗಂಟಿನಲ್ಲಿ. ಅವಳು ಹೊಲಿದ ಜೇಬಿನಲ್ಲಿ ಯಾವುದೋ ಶೀತದೇಶದ ಗಂಡಸು ಕೈ ಬೆಚ್ಚಗಿಟ್ಟುಕೊಂಡು ನಡೆಯುತ್ತಿರುತ್ತಾನೆ.

ನಮ್ಮ ಅಜ್ಜಿಯರ ಸ್ಥಿತಿ ಹೀಗಿರಲಿಲ್ಲ. ಅವರ ಸೊಂಟದಲ್ಲಿ ಸಂಚಿ ಇತ್ತು, ಸಂಚಿಗೆ ಮೂರೋ ನಾಲ್ಕೋ ಅರೆ. ಒಂದರಲ್ಲಿ ಎಲೆ, ಒಂದರಲ್ಲಿ ಅಡಿಕೆ, ಒಳಗಿನ ಅರೆಯಲ್ಲಿ ತಾತನಿಗೂ ಗೊತ್ತಿಲ್ಲದ ದುಡ್ಡು. ಸಂತೆಗೆ ಹೋದಾಗ ಯಾರಿಗೆ ಎಷ್ಟು ಕೊಡಬೇಕೆಂದು ಅವರೇ ಗಂಟು ಬಿಚ್ಚಿ ಎಣಿಸಿ ಕೊಡುತ್ತಿದ್ದರು. ಸಂಚಿ ಹೋಗಿ ವ್ಯಾನಿಟಿ ಬ್ಯಾಗ್ ಬಂತು, ಮೈಮೇಲಿದ್ದದ್ದು ಹೆಗಲಿಗೆ ಹೋಯಿತು, ಹೆಗಲಿನಿಂದ ಕಳ್ಳನ ಬೈಕಿಗೆ ಹೋಯಿತು. ಈಗ ಅಂಗಡಿಗೆ ಹೋಗಿ ಕುರ್ತಿಗೆ ಜೇಬು ಕೇಳಿದರೆ ‘ಶೇಪ್ ಕೆಡುತ್ತೆ ಮೇಡಂ’ ಎನ್ನುತ್ತಾರೆ. ಜೀನ್ಸಿಗೆ ಜೇಬಿನ ಗೆರೆ ಹೊಲಿದು ಬಾಯಿ ಮುಚ್ಚಿರುತ್ತಾರೆ. ನಮ್ಮ ಸೊಂಟ ಹೇಗೆ ಕಾಣಬೇಕೆಂದು ಯೋಚಿಸಿದವರು ನಮ್ಮ ಕೈಯಲ್ಲಿ ಏನಿರುತ್ತದೆ ಎಂದು ಯೋಚಿಸಲಿಲ್ಲ.

ನಾವು ಯಾರು ಎಂದು ಕೇಳುವಿರಿ. ಡಿಗ್ರಿ ಓದುವವರು, ಓದು ಬಿಟ್ಟವರು, ಗಾರ್ಮೆಂಟ್ಸ್‌ಗೆ ಹೋಗುವವರು, ಬ್ಯೂಟಿ ಪಾರ್ಲರ್ ಇಟ್ಟವರು, ಮದುವೆ ಮನೆಗಳಲ್ಲಿ ಮೆಹೆಂದಿ ಹಾಕುವವರು, ಜವಳಿ ಅಂಗಡಿಯಲ್ಲಿ ಸೀರೆ ಬಿಡಿಸಿ ತೋರಿಸುವವರು, ಮನೆಯ ತಾರಸಿಯ ಮೇಲೆ ಡ್ಯಾನ್ಸ್ ಮಾಡಿ ರೀಲ್ ಹಾಕುವವರು. ನಮ್ಮಲ್ಲಿ ಬುರ್ಖಾ ಹಾಕುವವಳಿದ್ದಾಳೆ, ಶಾರ್ಟ್ಸ್ ಹಾಕುವವಳಿದ್ದಾಳೆ, ನೈಟಿಯ ಮೇಲೊಂದು ಟವೆಲ್ ಹೊದ್ದು ಹಾಲಿನ ಬೂತಿಗೆ ಬರುವವಳೂ ಇದ್ದಾಳೆ. ಒಬ್ಬಳಂತೆ ಇನ್ನೊಬ್ಬಳಿಲ್ಲ, ಇರಬೇಕೆಂದೂ ಇಲ್ಲ. ಒಂದೇ ಥರ ಉಡುವವರ ಸಂಘಗಳು ದೇಶದಲ್ಲಿ ಈಗಾಗಲೇ ಸಾಕಷ್ಟಿವೆ.

ಏಷ್ಯಾದ ಯುವತಿ ಎಂದರೆ ಜಗತ್ತು ಎರಡು ಚಿತ್ರ ತೋರಿಸುತ್ತದೆ. ಒಂದು ಮಾಲ್‌ನ ಗಾಜಿನ ಹಿಂದಿನ ಚೆಲುವೆಯದು, ಇನ್ನೊಂದು ಮಿಷಿನ್ನಿನ ಮುಂದೆ ತಲೆ ಬಗ್ಗಿಸಿ ಕೂತವಳದು. ಮೊದಲನೆಯವಳಿಗೆ ಫ್ಯಾಷನ್ ಪುಟ, ಎರಡನೆಯವಳಿಗೆ, ಅದೂ ಅನಾಹುತವಾದ ದಿನ, ಸುದ್ದಿಯ ಪುಟ. ಈ ಎರಡು ಪುಟಗಳ ನಡುವಿನ ಗೋಡೆಯನ್ನು ಒಡೆಯುವುದು ನಮ್ಮ ಕೆಲಸ. ಇಬ್ಬರಿಗೂ ಒಂದೇ ವಯಸ್ಸು. ಹೊಲಿಯುವವಳೂ ಭಾನುವಾರ ಲಿಪ್‌ಸ್ಟಿಕ್ ಹಾಕಿಕೊಂಡು ಫೋಟೋ ತೆಗೆಸಿಕೊಳ್ಳುತ್ತಾಳೆ. ಉಡುವವಳ ತಾಯಿಯೋ ಚಿಕ್ಕಮ್ಮನೋ ಎಲ್ಲೋ ಒಂದು ಕಡೆ ಹೊಲಿಗೆ ಮಿಷಿನ್ ತುಳಿದೇ ಇವಳನ್ನು ಓದಿಸಿರುತ್ತಾರೆ.

ಹೊಲಿಯುವವಳ ಹೋರಾಟಕ್ಕೆ ಚರಿತ್ರೆಯಿದೆ, ನಾವು ಅದನ್ನು ಬಾಯಿಪಾಠ ಮಾಡಬೇಕು.

ಇವತ್ತು ಹಾಸನದ ಹುಡುಗಿ ಕೊರಿಯಾದ ಸೀರಿಯಲ್ ನೋಡಿ ಗಾಜಿನಂಥ ಚರ್ಮ ಬೇಕು ಎನ್ನುತ್ತಾಳೆ. ನೋಡಲಿ, ನಮಗೂ ಇಷ್ಟವೇ. ಆದರೆ ಆ ಸೋಲ್ ನಗರದ ಬಟ್ಟೆ ಮಾರುಕಟ್ಟೆಯ ಅಟ್ಟಗಳಲ್ಲಿ 1960ರ ದಶಕದಲ್ಲಿ ಹದಿಹರೆಯದ ಹುಡುಗಿಯರು ಹಗಲು ರಾತ್ರಿ ಹೊಲಿಯುತ್ತಿದ್ದರು. ನೆಟ್ಟಗೆ ನಿಲ್ಲಲಾಗದಷ್ಟು ತಗ್ಗಿನ ಅಟ್ಟ, ಬಟ್ಟೆಯ ಧೂಳು, ಕೆಮ್ಮು. ಪ್ಯೊಂಗ್ವಾ ಮಾರುಕಟ್ಟೆಯಲ್ಲಿ ಬಟ್ಟೆ ಕತ್ತರಿಸುತ್ತಿದ್ದ ಚಾನ್ ತೇ-ಇಲ್ ಎಂಬ 22ರ ಹುಡುಗ ಈ ಹುಡುಗಿಯರ ಪರವಾಗಿ ಅರ್ಜಿ ಕೊಟ್ಟು ಕೊಟ್ಟು ಸೋತ. 1970ರ ನವೆಂಬರ್ 13ರಂದು, ಕಾರ್ಮಿಕ ಕಾನೂನನ್ನು ಪಾಲಿಸಿ ಎಂದು ಕೂಗುತ್ತ ಬೆಂಕಿ ಹಚ್ಚಿಕೊಂಡು ಸತ್ತ. ಒಂಬತ್ತು ವರ್ಷಗಳ ನಂತರ, 1979ರ ಆಗಸ್ಟಿನಲ್ಲಿ, ವಿಗ್ ತಯಾರಿಸುವ ವೈ.ಎಚ್. ಕಂಪನಿಯ ಸುಮಾರು 200 ಯುವತಿಯರು ಕಾರ್ಖಾನೆ ಮುಚ್ಚಿದ್ದನ್ನು ಪ್ರತಿಭಟಿಸಿ ವಿರೋಧ ಪಕ್ಷದ ಕಚೇರಿಯಲ್ಲಿ ಧರಣಿ ಕೂತರು. ಪೊಲೀಸರು ನುಗ್ಗಿದರು, ಒಬ್ಬ ಕೆಲಸಗಾರ್ತಿ ಪ್ರಾಣ ಬಿಟ್ಟಳು. ಅಲ್ಲಿಂದ ಹೊತ್ತಿಕೊಂಡ ಕಿಚ್ಚು ಊರಿಂದೂರಿಗೆ ಹಬ್ಬಿತು. ಅಕ್ಟೋಬರ್ ಮುಗಿಯುವಷ್ಟರಲ್ಲಿ ಸರ್ವಾಧಿಕಾರಿ ಪಾರ್ಕ್ ಚುಂಗ್ ಹೀ ತನ್ನದೇ ಗುಪ್ತಚರ ಮುಖ್ಯಸ್ಥನ ಗುಂಡಿಗೆ ಬಲಿಯಾಗಿದ್ದ. ವಿಗ್ ಮಾಡುವ ಹುಡುಗಿಯರ ಧರಣಿಯನ್ನು ಬಿಟ್ಟು ಆ ವರ್ಷದ ಕೊರಿಯಾದ ರಾಜಕೀಯವನ್ನು ಯಾರೂ ಬರೆಯುವುದಿಲ್ಲ.

ಢಾಕಾದ ಹತ್ತಿರದ ಸಾವರ್‌ನಲ್ಲಿದ್ದ ರಾಣಾ ಪ್ಲಾಜಾ ಎಂಟು ಅಂತಸ್ತಿನ ಕಟ್ಟಡ. 2013ರ ಏಪ್ರಿಲ್ 23ರಂದು ಗೋಡೆ ಬಿರುಕು ಬಿಟ್ಟದ್ದು ಕಂಡಿತು. ಕೆಳಗಿನ ಬ್ಯಾಂಕು ಬಾಗಿಲು ಹಾಕಿತು, ಮೇಲಿನ ಗಾರ್ಮೆಂಟ್ಸ್‌ನವರು ಮರುದಿನ ಕೆಲಸಕ್ಕೆ ಬರಲೇಬೇಕೆಂದರು. 24ರ ಬೆಳಗ್ಗೆ ಕಟ್ಟಡ ಕುಸಿದು 1,100ಕ್ಕೂ ಹೆಚ್ಚು ಜನ ಸತ್ತರು, ಹೆಚ್ಚಿನವರು ನಮ್ಮ ವಯಸ್ಸಿನ ಹೆಣ್ಣುಮಕ್ಕಳು. ಬ್ಯಾಂಕಿನ ನೌಕರನಿಗೆ ಕಂಡ ಬಿರುಕು ಟೈಲರ್‌ಗೂ ಕಂಡಿತ್ತು. ಅವಳ ಮಾತಿಗೆ ಬೆಲೆಯಿರಲಿಲ್ಲ, ಒಂದು ದಿನದ ಸಂಬಳ ಬಿಡುವ ಶಕ್ತಿಯೂ ಇರಲಿಲ್ಲ. ಕಟ್ಟಡಗಳ ಸುರಕ್ಷತೆಗೆ ಬ್ರ್ಯಾಂಡುಗಳನ್ನು ಕಾನೂನಿನಿಂದ ಕಟ್ಟಿಹಾಕುವ ಒಪ್ಪಂದಕ್ಕೆ ಸಹಿ ಬಿದ್ದದ್ದು ಅಷ್ಟು ಹೆಣಗಳನ್ನು ಎತ್ತಿದ ಮೇಲೆ.

ನಮ್ಮೂರಿನ ಕಥೆಯೂ ಇದೆ, ನಮ್ಮೂರೇ ಅದನ್ನು ಮರೆತಿದೆ. 2016ರ ಫೆಬ್ರವರಿಯಲ್ಲಿ ಕೇಂದ್ರ ಸರ್ಕಾರ ಪಿಎಫ್ ನಿಯಮ ತಿದ್ದಿ, ಮಾಲೀಕರ ಪಾಲಿನ ಹಣವನ್ನು 58 ವರ್ಷ ತುಂಬುವವರೆಗೆ ತೆಗೆಯುವಂತಿಲ್ಲ ಎಂದಿತು. ಗಾರ್ಮೆಂಟ್ಸ್‌ನಲ್ಲಿ ಐವತ್ತೆಂಟರವರೆಗೆ ಯಾರ ಕಣ್ಣು, ಯಾರ ಸೊಂಟ ಉಳಿಯುತ್ತದೆ? ಪಿಎಫ್ ಎಂದರೆ ಮಗಳ ಫೀಸು, ಚೀಟಿಯ ಬಾಕಿ, ತಂಗಿಯ ಮದುವೆ. ಏಪ್ರಿಲ್ 18ರಂದು ಹೆಣ್ಣುಮಕ್ಕಳು ಮಿಷಿನ್ ನಿಲ್ಲಿಸಿ ಹೊಸೂರು ರಸ್ತೆಗೆ ಇಳಿದರು. ಯಾವ ಪಕ್ಷವೂ ಕರೆದಿರಲಿಲ್ಲ, ಯಾವ ನಾಯಕನೂ ಮುಂದೆ ಇರಲಿಲ್ಲ. ಮರುದಿನ ಅದು ನಗರದ ಬೇರೆ ಬೇರೆ ಕಡೆಗೆ ಹಬ್ಬಿತು. ಲಾಠಿ ಬೀಸಿದರು, ಬಸ್ಸುಗಳು ಉರಿದವು. ಅಂದೇ ಕೇಂದ್ರ ಸರ್ಕಾರ ತಿದ್ದುಪಡಿಯನ್ನು ಹಿಂದಕ್ಕೆ ತೆಗೆದುಕೊಂಡಿತು. ದೇಶದ ಅಷ್ಟೂ ಕಾರ್ಮಿಕರ ದುಡ್ಡನ್ನು ಎರಡೇ ದಿನದಲ್ಲಿ ಉಳಿಸಿಕೊಟ್ಟವರು ಚೂಡಿದಾರದ ಹುಡುಗಿಯರು, ಸೀರೆಯ ಅಕ್ಕಂದಿರು. ಬೆಂಗಳೂರಿನ ಬಹಳ ಜನರಿಗೆ ನೆನಪಿರುವುದು ಆ ದಿನದ ಟ್ರಾಫಿಕ್ ಜಾಮ್.

ಇನ್ನು ಉಡುವವಳ ಮಾತು. ಹೆಣ್ಣು ಏನು ಉಡಬೇಕೆಂಬುದರಲ್ಲಿ ಏಷ್ಯಾದ ಗಂಡಸರಿಗೆ ಇರುವಷ್ಟು ಆಸಕ್ತಿ ತಮ್ಮ ಬಟ್ಟೆಯನ್ನು ತಾವೇ ಒಗೆದುಕೊಳ್ಳುವುದರಲ್ಲಿ ಇದ್ದಿದ್ದರೆ ಅರ್ಧ ಸಮಸ್ಯೆ ಮುಗಿಯುತ್ತಿತ್ತು. ತಿರುವಾಂಕೂರಿನಲ್ಲಿ ನಾಡಾರ್ ಹೆಣ್ಣುಮಕ್ಕಳು ಎದೆ ಮುಚ್ಚಿಕೊಳ್ಳುವ ಹಕ್ಕಿಗಾಗಿ ದಶಕಗಳ ಕಾಲ ಹೊಡೆತ ತಿಂದರು. 1859ರಲ್ಲಿ ಆ ಹಕ್ಕು ಸಿಕ್ಕಾಗಲೂ ಮೇಲ್ಜಾತಿಯವರ ಥರ ಉಡಬಾರದೆಂಬ ಷರತ್ತು ಅಂಟಿಕೊಂಡೇ ಬಂತು. ಟೆಹರಾನ್‌ನಲ್ಲಿ ತಲೆವಸ್ತ್ರ ಸರಿಯಿಲ್ಲವೆಂದು ಪೊಲೀಸರು ಹಿಡಿದ 22ರ ಮಹ್ಸಾ ಅಮಿನಿ 2022ರ ಸೆಪ್ಟೆಂಬರ್ 16ರಂದು ಸತ್ತಳು. ಅದೇ ವರ್ಷದ ಆರಂಭದಲ್ಲಿ ನಮ್ಮ ಉಡುಪಿಯಲ್ಲಿ ತಲೆವಸ್ತ್ರ ಹಾಕಿದ್ದಕ್ಕೆ ಹುಡುಗಿಯರು ಕಾಲೇಜಿನ ಗೇಟಿನ ಹೊರಗೆ ನಿಂತರು. ಅಲ್ಲಿ ಹಾಕಲೇಬೇಕು, ಇಲ್ಲಿ ಹಾಕಲೇಬಾರದು. ಎರಡೂ ಕಡೆ ಹುಡುಗಿಯನ್ನು ಯಾರೂ ಕೇಳಲಿಲ್ಲ. ನಮ್ಮ ಹೈಕೋರ್ಟು ಮಾರ್ಚ್‌ನಲ್ಲಿ ಸಮವಸ್ತ್ರ ಕುರಿತ ಸರ್ಕಾರದ ಆದೇಶವನ್ನು ಎತ್ತಿಹಿಡಿಯಿತು, ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳು ಒಂದಕ್ಕೊಂದು ವಿರುದ್ಧವಾದ ಎರಡು ತೀರ್ಪು ಕೊಟ್ಟರು. ನಮ್ಮ ನಿಲುವು ಹೀಗಿದೆ: ಹಾಕಿಕೊಂಡು ಬಂದವಳ ಪಕ್ಕದಲ್ಲೂ ತೆಗೆದು ಬಂದವಳ ಪಕ್ಕದಲ್ಲೂ ನಾವು ಅದೇ ಬೆಂಚಿನಲ್ಲಿ ಕೂರುತ್ತೇವೆ. ಬೆಂಚಿನಿಂದ ಎಬ್ಬಿಸುವವನ ಎದುರು ಮಾತ್ರ ಎದ್ದು ನಿಲ್ಲುತ್ತೇವೆ.

ಆಂಧ್ರದ ಪಶ್ಚಿಮ ಗೋದಾವರಿಯ ತೋಕಲಪಲ್ಲಿ ಎಂಬ ಹಳ್ಳಿಯಲ್ಲಿ 2018ರಲ್ಲಿ ಊರಿನ ಹಿರಿಯರು ಸೇರಿ ಹಗಲು ಹೊತ್ತು ನೈಟಿ ಹಾಕಿದರೆ 2,000 ರೂಪಾಯಿ ದಂಡ ಎಂದರು. ಕಂಡು ಹೇಳಿದವರಿಗೆ ಬಹುಮಾನ ಬೇರೆ. ನೈಟಿಯಷ್ಟು ಮೈ ಮುಚ್ಚುವ ಬಟ್ಟೆ ಇನ್ನೊಂದಿಲ್ಲ! ಕೆಲಸ ಮಾಡಲು ಹಗುರ, ಒಗೆಯಲು ಸುಲಭ, ಬೆಲೆ ಕಡಿಮೆ, ಹಾಲೂಡಿಸುವವಳಿಗೂ ಅನುಕೂಲ. ಹೆಣ್ಣು ಆರಾಮಾಗಿರುವುದು ಕಣ್ಣಿಗೆ ಕಂಡರೆ ಸಾಕು, ಯಾರಿಗೋ ಕಸಿವಿಸಿ. ನಮ್ಮ ಚಳವಳಿ ನೈಟಿಯನ್ನು ಈ ಕಾಲದ ಮಹತ್ವದ ಉಡುಪು ಎಂದು ಗಂಭೀರವಾಗಿಯೇ ಘೋಷಿಸುತ್ತದೆ. ಅದಕ್ಕೂ ಜೇಬಿರಲಿ.

ಸುಧಾರಿತ ದೇಶ ಎನಿಸಿಕೊಂಡ ಜಪಾನಿನಲ್ಲೂ ಹೀಗೆಯೇ. ಕೆಲಸಕ್ಕೆ ಹೈಹೀಲ್ಸ್ ಹಾಕಲೇಬೇಕೆಂಬ ಕಟ್ಟಳೆಯ ವಿರುದ್ಧ ಯುಮಿ ಇಶಿಕಾವಾ ಎಂಬಾಕೆ 2019ರಲ್ಲಿ ಸಹಿ ಸಂಗ್ರಹಿಸಿ ಸರ್ಕಾರಕ್ಕೆ ಕೊಟ್ಟಾಗ, ಕಾರ್ಮಿಕ ಸಚಿವರು ಅದೆಲ್ಲ ಸಮಾಜ ಒಪ್ಪಿದ ರೂಢಿ, ಇರಬೇಕಾದ್ದೇ ಎಂಬರ್ಥದ ಉತ್ತರ ಕೊಟ್ಟರು. ಮರುವರ್ಷ ಜಪಾನ್ ಏರ್‌ಲೈನ್ಸ್ ತನ್ನ ಗಗನಸಖಿಯರಿಗೆ ಚಪ್ಪಟೆ ಶೂ ಹಾಕಲು ಬಿಟ್ಟಿತು. ಕೊರಿಯಾದಲ್ಲಿ 2018ರ ಹೊತ್ತಿಗೆ ಯುವತಿಯರು ಕೂದಲು ಕತ್ತರಿಸಿ, ಮೇಕಪ್ಪಿನ ಡಬ್ಬಿಗಳನ್ನು ಒಡೆದು ಹಾಕಿದರು. 2021ರ ಟೋಕಿಯೋ ಒಲಿಂಪಿಕ್ಸ್‌ನಲ್ಲಿ ಮೂರು ಚಿನ್ನ ಗೆದ್ದ ಬಿಲ್ಲುಗಾರ್ತಿ ಆನ್ ಸಾನ್‌ಳನ್ನು ತವರಿನ ಕೆಲವು ಗಂಡಸರು ಬೈದದ್ದು ಗಿಡ್ಡ ಕೂದಲಿಗೆ. ಮೇಕಪ್ ಒಡೆದವಳೂ ನಮ್ಮವಳೇ, ಅದೇ ಮೇಕಪ್ ಹಾಕಿ ಕನ್ನಡಿಯ ಮುಂದೆ ಒಂದು ಗಂಟೆ ಖುಷಿಯಾಗಿ ಕಳೆಯುವವಳೂ ನಮ್ಮವಳೇ. ಬಿಳಿಯಾಗಿಸುವ ಕ್ರೀಮು ಮಾರುವವನು ಮಾತ್ರ ನಮ್ಮವನಲ್ಲ. 2020ರಲ್ಲಿ ಅಂಥದೊಂದು ಹೆಸರಾಂತ ಕ್ರೀಮು ತನ್ನ ಹೆಸರಿನಿಂದ ‘ಫೇರ್’ ಕಿತ್ತುಹಾಕಿತು. ಮದುವೆಯ ಜಾಹೀರಾತುಗಳು ಇನ್ನೂ ಕಿತ್ತುಹಾಕಿಲ್ಲ.

ಕುಶಲಕಲೆಯ ವಿಷಯದಲ್ಲಿ ನಮಗೆ ಸಿಟ್ಟು ಜಾಸ್ತಿ, ಸ್ವಲ್ಪ ಉದ್ದವಾದರೆ ಸಹಿಸಿಕೊಳ್ಳಿ. ಧಾರವಾಡದ ಕಸೂತಿಯಲ್ಲಿ ಗಾವಂಟಿ, ಮುರ್ಗಿ, ನೇಯ್ಗೆ, ಮೆಂತೆ ಎಂದು ನಾಲ್ಕು ಹೊಲಿಗೆ. ಬಟ್ಟೆಯ ಮೇಲೆ ಚಿತ್ರ ಬರೆದುಕೊಳ್ಳುವುದಿಲ್ಲ, ಎಳೆ ಎಣಿಸುತ್ತ ಗೋಪುರವನ್ನೋ ತುಳಸಿಕಟ್ಟೆಯನ್ನೋ ಆನೆಯನ್ನೋ ಎಬ್ಬಿಸಬೇಕು. ಗಾವಂಟಿ ಚೆನ್ನಾಗಿ ಬಿದ್ದರೆ ಸೀರೆಯ ಒಳಮೈ ಹೊರಮೈ ಎರಡೂ ಒಂದೇ. ಒಂದು ಎಳೆ ತಪ್ಪಿದರೆ ಇಡೀ ಗೋಪುರ ವಾಲುತ್ತದೆ. ಇದನ್ನು ಬಿಡುವಿನ ವೇಳೆಯ ಹವ್ಯಾಸ ಎಂದು ಕರೆದು, ಹೊಲಿಗೆಗಿಷ್ಟು ಚಿಲ್ಲರೆ ಕೊಟ್ಟು, ಅಂಗಡಿಯಲ್ಲಿ ಸಾವಿರಾರು ರೂಪಾಯಿಗೆ ಮಾರುತ್ತಾರೆ. ಸೀರೆಯ ಮೇಲೆ ಅಂಗಡಿಯ ಹೆಸರಿರುತ್ತದೆ, ಡಿಸೈನರ್ ಹೆಸರಿರುತ್ತದೆ, ಎಳೆ ಎಣಿಸಿದವಳ ಹೆಸರಿರುವುದಿಲ್ಲ. 2023ರ ಜುಲೈಯಲ್ಲಿ ಹಂಪಿಯ ಜಿ20 ಸಭೆಯಲ್ಲಿ ಸಂಡೂರಿನ ಲಂಬಾಣಿ ಹೆಣ್ಣುಮಕ್ಕಳ ಕಸೂತಿಯ 1,755 ತುಣುಕುಗಳನ್ನು ಪ್ರದರ್ಶಿಸಿ ಗಿನ್ನಿಸ್ ದಾಖಲೆ ಮಾಡಿದರು. ಒಳ್ಳೆಯದು. ಕನ್ನಡಿ, ಕವಡೆ, ಬಣ್ಣದ ನೂಲು ಎಲ್ಲ ಲೆಕ್ಕಕ್ಕೆ ಬಂದವು. ಆ ಕೈಗಳ ದಿನಗೂಲಿ ಎಷ್ಟೆಂದು ದಾಖಲೆಯ ಪುಸ್ತಕ ಕೇಳುವುದಿಲ್ಲ, ನಾವು ಕೇಳುತ್ತೇವೆ.

2025ರ ಜೂನ್‌ನಲ್ಲಿ ಮಿಲಾನ್‌ನ ಗಂಡಸರ ಫ್ಯಾಷನ್ ಷೋದಲ್ಲಿ ಪ್ರಾಡಾ ಕಂಪನಿ ನಮ್ಮ ಕೊಲ್ಹಾಪುರಿ ಚಪ್ಪಲಿಯಂಥದ್ದನ್ನು ಪ್ರದರ್ಶಿಸಿತು. ಎಲ್ಲಿಯದು ಎಂದು ಹೇಳಲಿಲ್ಲ, ಗದ್ದಲವಾದ ಮೇಲೆ ಭಾರತದ ಪ್ರೇರಣೆ ಎಂದು ಒಪ್ಪಿತು. ಆ ಚಪ್ಪಲಿಯ ಭೌಗೋಳಿಕ ಗುರುತು ಮಹಾರಾಷ್ಟ್ರದ ನಾಲ್ಕು ಜಿಲ್ಲೆಗಳದ್ದೂ ಹೌದು, ನಮ್ಮ ಬೆಳಗಾವಿ, ಧಾರವಾಡ, ಬಾಗಲಕೋಟೆ, ವಿಜಯಪುರಗಳದ್ದೂ ಹೌದು. ಅಥಣಿ, ನಿಪ್ಪಾಣಿಯ ಮನೆಗಳಲ್ಲಿ ಆ ತೊಗಲಿನ ಜಡೆ ಹೆಣೆಯುವ ಕೆಲಸದಲ್ಲಿ ಹೆಣ್ಣುಮಕ್ಕಳ ಕೈಯಿದೆ. ಇಟಲಿಯ ಮೇಲೆ ಸಿಟ್ಟಾಗುವುದು ಸುಲಭ. ತೊಗಲು ಮುಟ್ಟುವವರನ್ನು ಶತಮಾನಗಳಿಂದ ಊರ ಹೊರಗಿಟ್ಟು, ಅವರು ಮಾಡಿದ ಚಪ್ಪಲಿಗೆ ‘ನಮ್ಮ ಸಂಸ್ಕೃತಿ’ ಎಂದು ಎದೆಯುಬ್ಬಿಸುವವರ ಮೇಲೂ ಅಷ್ಟೇ ಸಿಟ್ಟಾಗಿ.

ಆದ್ದರಿಂದ ನಮ್ಮ ಒತ್ತಾಯ: ಕೈಯಿಂದ ಮಾಡಿದ ಪ್ರತಿ ಬಟ್ಟೆಯ ಮೇಲೆ ಮಾಡಿದವಳ ಹೆಸರು ಅವಳು ಒಪ್ಪಿದರೆ ಇರಬೇಕು, ಬೆಲೆಯಲ್ಲಿ ಅವಳ ಪಾಲು ಎಷ್ಟೆಂದು ಬರೆದಿರಬೇಕು. ಇದು ಆಗದ ಮಾತಲ್ಲ. ಹೆಗ್ಗೋಡಿನಲ್ಲಿ ರಂಗಕರ್ಮಿ ಪ್ರಸನ್ನ ಅವರ ಒತ್ತಾಸೆಯಿಂದ ಹುಟ್ಟಿದ ಚರಕ, ಹಳ್ಳಿಯ ಹೆಣ್ಣುಮಕ್ಕಳು ಕೂಲಿಗಳಾಗಿ ಇರದೆ ಸಹಕಾರ ಸಂಘದ ಸದಸ್ಯರಾಗಿ ನೇಯ್ದು, ಬಣ್ಣ ಕಟ್ಟಿ, ಹೊಲಿಯಬಹುದು ಎಂದು ತೋರಿಸಿಕೊಟ್ಟಿತು. ಕೈಮಗ್ಗದ ಮಾರುಕಟ್ಟೆ ಎಷ್ಟು ಕಷ್ಟದ್ದು ಎಂಬುದನ್ನೂ ತೋರಿಸಿತು.

ಹಾಗೆಂದು ಎಲ್ಲರೂ ಕೈಮಗ್ಗವನ್ನೇ ಉಡಿ ಎಂದು ನಾವು ಹೇಳುವುದಿಲ್ಲ. ಸಂತೆಯಲ್ಲಿ ಇನ್ನೂರು ರೂಪಾಯಿಯ ಕುರ್ತಿ ಕೊಂಡು ಕಾಲೇಜಿಗೆ ಬರುವವಳಿಗೆ ಪರಿಸರದ ಪಾಠ ಮಾಡುವುದಕ್ಕೆ ನಮಗೆ ನಾಚಿಕೆಯಾಗುತ್ತದೆ. ಆ ಪಾಠ ಋತುವಿಗೊಂದು ರಾಶಿ ಬಟ್ಟೆ ಸುರಿಯುವ ಕಂಪನಿಗಳಿಗೆ.

ಖುಷಿಯ ಮಾತೂ ಆಗಲಿ, ಚಳವಳಿಗಳು ಇದನ್ನು ಮರೆಯುತ್ತವೆ. ಉಡುವುದು ಒಂದು ಆಟ. ಟೋಕಿಯೋದ ಹರಾಜುಕುವಿನ ಬೀದಿಗಳಲ್ಲಿ ಹುಡುಗಿಯರು ಅಜ್ಜಿಯ ಕಿಮೋನೊ, ಗೊಂಬೆಯ ಫ್ರಾಕು, ಪ್ಲಾಸ್ಟಿಕ್ ಸರ ಎಲ್ಲವನ್ನೂ ಒಟ್ಟಿಗೆ ಹಾಕಿಕೊಂಡು ಓಡಾಡಿದ್ದನ್ನು ‘ಫ್ರೂಟ್ಸ್’ ಎಂಬ ಪತ್ರಿಕೆ 1997ರಿಂದ ಇಪ್ಪತ್ತು ವರ್ಷ ಫೋಟೋ ತೆಗೆದು ಅಚ್ಚು ಹಾಕಿತು. ಇಂಡೋನೇಷ್ಯಾದ ಗಾರುತ್ ಊರಿನ ಮೂವರು ಹುಡುಗಿಯರು 2014ರಲ್ಲಿ ಶಾಲೆಯಲ್ಲಿದ್ದಾಗಲೇ ಹಿಜಾಬ್ ಹಾಕಿಕೊಂಡು ಮೆಟಲ್ ಸಂಗೀತದ ತಂಡ ಕಟ್ಟಿದರು. 2024ರಲ್ಲಿ ಬ್ರಿಟನ್ನಿನ ಗ್ಲಾಸ್ಟನ್‌ಬರಿ ಉತ್ಸವದಲ್ಲಿ ನುಡಿಸಿದ ಮೊದಲ ಇಂಡೋನೇಷ್ಯಾ ತಂಡ ಅವರದು. ನಮ್ಮೂರುಗಳಲ್ಲಿ ಇಳಕಲ್ ಸೀರೆಗೆ ಸ್ನೀಕರ್ಸ್ ಹಾಕುವವಳು, ಗುಳೇದಗುಡ್ಡ ಖಣದಲ್ಲಿ ಜಾಕೆಟ್ ಹೊಲಿಸಿಕೊಂಡವಳು ಇದೇ ಆಟ ಆಡುತ್ತಿದ್ದಾಳೆ. ಸಂಪ್ರದಾಯ ಕೆಟ್ಟಿತು ಎನ್ನುವವರಿಗೆ ಒಂದು ಮಾತು: ನೀವು ಸಂಪ್ರದಾಯ ಎನ್ನುವ, ರವಿಕೆ ಲಂಗ ಸಮೇತ ನೆರಿಗೆ ಹಿಡಿದು ಸೆರಗು ಎಡಹೆಗಲಿಗೆ ಹಾಕುವ ಸೀರೆಯನ್ನು ಬಂಗಾಳಕ್ಕೆ ತಂದವರು 1860ರ ದಶಕದ ಜ್ಞಾನದಾನಂದಿನಿ ದೇವಿ, ರವೀಂದ್ರನಾಥ ಠಾಕೂರರ ಅತ್ತಿಗೆ. ಆಗ ಅದೂ ಹೊಸ ಫ್ಯಾಷನ್ನೇ.

ಆಟಕ್ಕೆ ಹೊತ್ತು ಬೇಕು. ಹುಡುಗನಿಗೆ ಸಂಜೆ ಕ್ರಿಕೆಟ್, ಹುಡುಗಿಗೆ ಸಂಜೆ ಪಾತ್ರೆ. ಚಿತ್ರ ಬರೆಯುವವಳು, ಗಿಟಾರ್ ಕಲಿಯುವವಳು, ಕಥೆ ಬರೆಯುವವಳು ನಮ್ಮಲ್ಲಿ ಬೇಕಾದಷ್ಟಿದ್ದಾರೆ. ಮನೆಕೆಲಸ ಮುಗಿದ ಮೇಲೆ ಉಳಿದ ನಿದ್ದೆಗಣ್ಣಿನ ಅರ್ಧ ಗಂಟೆಯಲ್ಲಿ ಅವರು ಅದನ್ನು ಮಾಡುತ್ತಾರೆ, ಮದುವೆಯಾದ ಮೇಲೆ ಅದೂ ಇಲ್ಲ. ಮನೆಯ ಗಂಡಸರು ರಾತ್ರಿಯ ಪಾತ್ರೆ ತೊಳೆಯಲಿ. ಇದು ವಿನಂತಿಯಲ್ಲ.

ಸರ್ಕಾರಕ್ಕೆ, ಸಂಸ್ಥೆಗಳಿಗೆ ಹೇಳುವುದು ಇಷ್ಟು. ವಿದ್ಯಾವಿಕಾಸ ಯೋಜನೆಯಲ್ಲಿ ಹೈಸ್ಕೂಲು ಹುಡುಗಿಯರಿಗೆ ಕೊಡುವ ಚೂಡಿದಾರದ ಬಟ್ಟೆಯ ಅಳತೆಗೆ ಎರಡು ಜೇಬಿನ ಬಟ್ಟೆ ಸೇರಿಸಿ. ತಿಂಗಳ ಆ ದಿನಗಳಲ್ಲಿ ಪ್ಯಾಡ್ ಎಲ್ಲಿ ಬಚ್ಚಿಡಲಿ ಎಂದು ಒದ್ದಾಡುವವಳಿಗೆ ಅದರ ಬೆಲೆ ಗೊತ್ತು. ಕಾಲೇಜಿನಲ್ಲಿ ಸಮವಸ್ತ್ರದ ನಿಯಮ ಮಾಡುವ ಸಮಿತಿಯಲ್ಲಿ ಅದನ್ನು ತೊಡುವವರೇ ಹೆಚ್ಚಿರಲಿ. ಕೋಳಿಕ್ಕೋಡಿನ ಜವಳಿ ಅಂಗಡಿಗಳ ಹೆಣ್ಣುಮಕ್ಕಳು ದಿನವಿಡೀ ನಿಂತು ನಿಂತು ಸಾಕಾಗಿ ಕೂರುವ ಹಕ್ಕಿಗಾಗಿ ಹೋರಾಡಿದರು, 2018ರಲ್ಲಿ ಕೇರಳ ಕಾನೂನು ತಿದ್ದಿತು, 2021ರಲ್ಲಿ ತಮಿಳುನಾಡು ತಿದ್ದಿತು. ಚಿಕ್ಕಪೇಟೆಯಲ್ಲಿ ನಮಗೆ ಮೂವತ್ತು ಸೀರೆ ಬಿಡಿಸಿ ತೋರಿಸುವ ಹುಡುಗಿಗೂ ಒಂದು ಕುರ್ಚಿ ಕಣ್ಣಿಗೆ ಕಾಣಬೇಕು. ಗಾರ್ಮೆಂಟ್ಸ್‌ನ ಲೈನಿನಲ್ಲಿ ಬಾತ್‌ರೂಮಿಗೆ ಹೋಗಲು ಕೈ ಎತ್ತಿ ಕೇಳುವ ಪದ್ಧತಿ ನಿಲ್ಲಬೇಕು. ಬೈಗುಳವನ್ನು ಪ್ರೊಡಕ್ಷನ್ನಿನ ಭಾಗವೆಂದು ತಿಳಿದ ಸೂಪರ್‌ವೈಸರ್ ಮೇಲೆ ದೂರು ಕೊಟ್ಟವಳ ಕೆಲಸ ಉಳಿಯಬೇಕು.

ನಮ್ಮೊಳಗಿನ ನಿಯಮಗಳು ಕಡಿಮೆ. ಇನ್ನೊಬ್ಬಳ ಬಟ್ಟೆ, ಬಣ್ಣ, ತೂಕದ ಬಗ್ಗೆ ಅವಳು ಕೇಳದೆ ಮಾತಾಡುವಂತಿಲ್ಲ. ಅವಳ ಫೋಟೋವನ್ನು ಅವಳನ್ನು ಕೇಳದೆ ಹಂಚುವಂತಿಲ್ಲ. ಗೊತ್ತಿರುವ ಒಂದು ಕೆಲಸವನ್ನು, ಅದು ಕಸೂತಿಯಿರಲಿ, ವಿಡಿಯೋ ಎಡಿಟಿಂಗ್ ಇರಲಿ, ಸಂಬಳದ ಚೀಟಿಯಲ್ಲಿ ಪಿಎಫ್ ಕಡಿತ ಓದುವುದಿರಲಿ, ಇನ್ನೊಬ್ಬಳಿಗೆ ಕಲಿಸಬೇಕು. ಅಧ್ಯಕ್ಷರಿಲ್ಲ, ಚಂದಾ ಇಲ್ಲ, ಶಾಲು ಹಾರವಂತೂ ಇಲ್ಲವೇ ಇಲ್ಲ.

ಪ್ರತಿ ವರ್ಷ ಏಪ್ರಿಲ್ 18ರಂದು ಹೊಸೂರು ರಸ್ತೆಯ ಆ ಹೆಣ್ಣುಮಕ್ಕಳನ್ನು, 24ರಂದು ಸಾವರ್‌ನ ಹೆಣ್ಣುಮಕ್ಕಳನ್ನು ನೆನೆಯುತ್ತೇವೆ. ಉಳಿದಂತೆ ನಮ್ಮ ಸಭೆಗಳೆಲ್ಲ ಭಾನುವಾರ, ಏಕೆಂದರೆ ಗಾರ್ಮೆಂಟ್ಸ್‌ಗೆ ರಜೆ ಇರುವುದು ಅವತ್ತೇ. ವಾರದ ಬಟ್ಟೆ ಒಗೆಯುವುದಿದೆ ಎನ್ನುತ್ತೀರಿ, ಗೊತ್ತು. ಅಣ್ಣತಮ್ಮಂದಿರಿಗೆ, ಗಂಡನಿಗೆ ಸೋಪು ಎಲ್ಲಿದೆ ಎಂದು ತೋರಿಸಿ ಬನ್ನಿ. ಏನು ಉಟ್ಟು ಬಂದರೂ ಸರಿ.